ರ‍್ಯಾಕೆಟ್, ಕನ್ನಡಕದ ವಾರಂಟಿ: ಸದಸ್ಯರ ಗಮನಕ್ಕೆ

ಸ್ನೇಹಿತರೇ, ಬ್ಯಾಡ್ಮಿಂಟನ್ ರ‍್ಯಾಕೆಟ್ ಅಥವಾ ಆಟದ ಕನ್ನಡಕದಲ್ಲಿ ದೋಷ ಕಂಡರೆ ಮೊದಲು ಬಿಲ್ ಹುಡುಕಿ. ಬಿಲ್ ಮುದ್ರಿಸುವ ಥರ್ಮಲ್ (ಶಾಖದಿಂದ ಅಕ್ಷರ ಮೂಡುವ) ಕಾಗದದ ಮೇಲಿನ ಅಕ್ಷರ ಬೇಗ ಮಾಸುತ್ತದೆ. ಕೊಂಡ ದಿನವೇ ಫೋಟೊ ತೆಗೆದಿಡಿ.

ಮಸೂರಕ್ಕೆ ಬಿದ್ದ ಗೀರು, ಜೊತೆಯಾಟಗಾರನ ರ‍್ಯಾಕೆಟ್ ತಗುಲಿ ಸೀಳಿದ ಫ್ರೇಮ್ ಇವಕ್ಕೆ ಸಾಮಾನ್ಯವಾಗಿ ವಾರಂಟಿ ಸಿಗದು. ಕಥೆ ಕಟ್ಟಬೇಡಿ, ಪೆಟ್ಟಿನ ಜಾಗದಲ್ಲಿ ಬಣ್ಣ ಎದ್ದಿರುವುದು ಕಂಪನಿಯವರ ಕಣ್ಣಿಗೆ ಬಿದ್ದೇ ಬೀಳುತ್ತದೆ. ಅಂಟು ಹಚ್ಚಿ ನೀವೇ ರಿಪೇರಿಗೂ ಇಳಿಯಬೇಡಿ.

ದೋಷದ ಹತ್ತಿರದ ಚಿತ್ರ, ಸರಣಿ ಸಂಖ್ಯೆ, ಬಿಲ್ ಸಹಿತ ಕಂಪನಿಗೆ ಇಮೇಲ್ ಕಳುಹಿಸಿ. ಅಂಗಡಿಯವರ ‘ಮುಂದಿನ ವಾರ ಬನ್ನಿ’ ದಾಖಲೆಯಾಗದು. ಸತಾಯಿಸಿದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ, ಕನ್ನಡದಲ್ಲೇ ಮಾತನಾಡಬಹುದು. ಅದಕ್ಕೂ ಬಗ್ಗದಿದ್ದರೆ ಜಿಲ್ಲಾ ಗ್ರಾಹಕ ಆಯೋಗವಿದೆ: ದೂರಿಗೆ ಕಾರಣ ಹುಟ್ಟಿದ 2 ವರ್ಷದೊಳಗೆ ಅಲ್ಲಿ ದೂರು ಕೊಡಬೇಕು, ವಸ್ತುವಿಗೆ ತೆತ್ತ ಬೆಲೆ 5 ಲಕ್ಷ ರೂಪಾಯಿ ಮೀರದಿದ್ದರೆ ಶುಲ್ಕವಿಲ್ಲ.