ನಮ್ಮವರ ಪಾಠವನ್ನಷ್ಟೇ ಹುಡುಕಬೇಡ: ಮಗಳಿಗೊಂದು ಪತ್ರ

ಚಿ. ಮಗಳಿಗೆ ಅಪ್ಪನ ಆಶೀರ್ವಾದಗಳು.

ಮುಂದಿನ ಸೆಮಿಸ್ಟರಿಗೆ ಯಾವ ವಿಷಯಗಳನ್ನು ಆರಿಸಿಕೊಳ್ಳಬೇಕೆಂದು ಆಯಿಯೊಂದಿಗೆ ಮಾತಾಡುವಾಗ, ಎಥ್ನಿಕ್ ಸ್ಟಡೀಸ್ (ಅಮೆರಿಕದ ಬೇರೆ ಬೇರೆ ಜನಾಂಗಗಳ ಚರಿತ್ರೆ, ಬದುಕುಗಳ ಅಧ್ಯಯನ) ಎಂಬ ಕಡ್ಡಾಯ ವಿಷಯವನ್ನು ಬೇಸಿಗೆ ರಜೆಯಲ್ಲಿ ಆನ್‌ಲೈನಿನಲ್ಲಿ ಮುಗಿಸಿ ಕೈತೊಳೆದುಕೊಳ್ಳುತ್ತೇನೆ ಎಂದೆಯಂತೆ. ಕಂಪ್ಯೂಟರ್ ಎಂಜಿನಿಯರಿಂಗ್ ಓದುವವಳಿಗೆ ಅದರಿಂದ ಏನು ಪ್ರಯೋಜನ, ಅದರಲ್ಲಿ ಕರಿಯರು, ಮೆಕ್ಸಿಕನ್ನರು, ಮೂಲನಿವಾಸಿಗಳು, ಚೀನಾ ಜಪಾನಿನವರು ಇದ್ದಾರೆಯೇ ಹೊರತು ನಮ್ಮವರೆಲ್ಲಿದ್ದಾರೆ ಎಂಬುದು ನಿನ್ನ ಪ್ರಶ್ನೆ. ಪ್ರಶ್ನೆ ಕೇಳಬೇಕಾದದ್ದೇ. ಫೋನಿನಲ್ಲಿ ಉತ್ತರ ಹೇಳಹೊರಟರೆ ನನ್ನ ಮಾತು ಭಾಷಣವಾಗುತ್ತದೆ, ನೀನು ಹೂಂಗುಟ್ಟುತ್ತಾ ಬೇರೇನೋ ಮಾಡುತ್ತಿರುತ್ತೀಯೆ, ಆದ್ದರಿಂದ ಬರೆಯುತ್ತಿದ್ದೇನೆ. ಕನ್ನಡವನ್ನು ನೀನು ನಿಧಾನವಾಗಿ ಓದುತ್ತೀಯೆಂದು ಗೊತ್ತು. ನಿಧಾನವಾಗಿಯೇ ಓದು.

ನೀನು ಓದುತ್ತಿರುವ ಕ್ಯಾಲಿಫೋರ್ನಿಯ ಸ್ಟೇಟ್ ಯೂನಿವರ್ಸಿಟಿಯಲ್ಲಿ ಪದವಿ ಪಡೆಯುವವರೆಲ್ಲರೂ ಮೂರು ಯೂನಿಟ್ಟಿನ ಎಥ್ನಿಕ್ ಸ್ಟಡೀಸ್ ಓದಬೇಕೆಂಬ ಕಾನೂನು ಬಂದದ್ದು 2020ರಲ್ಲಿ. ಆದರೆ ಅದು ಅಧಿಕಾರಿಗಳು ಕುಳಿತು ಹೊಸೆದ ನಿಯಮವಲ್ಲ. ಅದರ ಬೇರು ಇರುವುದು ನಮ್ಮ ಮನೆಯಿಂದ ಒಂದು ಗಂಟೆಯ ದಾರಿಯಲ್ಲಿರುವ ಸ್ಯಾನ್ ಫ್ರಾನ್ಸಿಸ್ಕೋ ಸ್ಟೇಟ್ ಕಾಲೇಜಿನ ಮುಷ್ಕರದಲ್ಲಿ. 1968ರ ನವೆಂಬರ್ 6ರಂದು ಅಲ್ಲಿನ ಕಪ್ಪು ವಿದ್ಯಾರ್ಥಿಗಳ ಸಂಘವೂ, ಮೆಕ್ಸಿಕನ್, ಫಿಲಿಪಿನೊ, ಚೀನೀ, ಜಪಾನೀ ಮೂಲದ ವಿದ್ಯಾರ್ಥಿಗಳೆಲ್ಲ ಸೇರಿ ಕಟ್ಟಿದ ಥರ್ಡ್ ವರ್ಲ್ಡ್ ಲಿಬರೇಷನ್ ಫ್ರಂಟ್ ಎಂಬ ಒಕ್ಕೂಟವೂ ತರಗತಿಗಳನ್ನು ಬಿಟ್ಟು ಹೊರಬಂದವು. ತಮ್ಮ ಸಮುದಾಯಗಳ ಮಕ್ಕಳಿಗೆ ಕಾಲೇಜಿನಲ್ಲಿ ಪ್ರವೇಶ ಸಿಗಬೇಕು, ಅವರ ಚರಿತ್ರೆಯನ್ನು ಕಲಿಸುವ ವಿಭಾಗಗಳು ಇರಬೇಕು ಎಂಬುದು ಅವರ ಬೇಡಿಕೆ. ಪೊಲೀಸರು ಬಂದರು, ಲಾಠಿ ಬೀಸಿದರು. ಜನವರಿಯ ಒಂದೇ ದಿನ 400ಕ್ಕೂ ಹೆಚ್ಚು ಜನರ ಬಂಧನವಾಯಿತು. ಮುಷ್ಕರ 1969ರ ಮಾರ್ಚಿನವರೆಗೆ ನಡೆದು, ಅದೇ ವರ್ಷ ಆ ಕಾಲೇಜಿನಲ್ಲಿ ಈ ವಿಷಯಕ್ಕೆಂದೇ ಒಂದು ಪ್ರತ್ಯೇಕ ಶಾಲೆ ತೆರೆಯಿತು.

ಇದರೊಳಗೆ ಒಂದು ತಮಾಷೆಯಿದೆ. ಮುಷ್ಕರವನ್ನು ಹತ್ತಿಕ್ಕಲೆಂದು ಬಂದ ಕಾಲೇಜಿನ ಅಧ್ಯಕ್ಷ ಎಸ್.ಐ. ಹಯಕಾವಾ ಜಪಾನೀ ತಂದೆತಾಯಿಗಳ ಮಗ, ಕೆನಡಾದಲ್ಲಿ ಹುಟ್ಟಿದವರು, ಭಾಷೆಯ ವಿದ್ವಾಂಸರು. ಧ್ವನಿವರ್ಧಕ ಕಟ್ಟಿದ್ದ ವಿದ್ಯಾರ್ಥಿಗಳ ಲಾರಿಯ ಮೇಲೆ ತಾವೇ ಹತ್ತಿ ಅದರ ತಂತಿಗಳನ್ನು ಕಿತ್ತು ಹಾಕಿದರು. ಅದರಿಂದಲೇ ದೇಶಕ್ಕೆಲ್ಲ ಹೆಸರಾಗಿ, ಮುಂದೆ ಕ್ಯಾಲಿಫೋರ್ನಿಯದಿಂದ ಸೆನೆಟಿಗೂ ಆಯ್ಕೆಯಾದರು. ಕೆಳಗೆ ಘೋಷಣೆ ಕೂಗುತ್ತಿದ್ದವರಲ್ಲಿಯೂ ಜಪಾನೀ ಮನೆಗಳ ಮಕ್ಕಳಿದ್ದರು. ಯಾರ ಹೊಟ್ಟೆಯಲ್ಲಿ ಹುಟ್ಟಿದೆವು ಎಂಬುದು ನಾವು ಯಾವ ಕಡೆ ನಿಲ್ಲುತ್ತೇವೆ ಎಂಬುದನ್ನು ತೀರ್ಮಾನಿಸುವುದಿಲ್ಲ. ಎಥ್ನಿಕ್ ಸ್ಟಡೀಸ್ ಎಂದರೆ ಆಯಾ ಜನಾಂಗದವರ ಹೊಗಳಿಕೆ ಎಂದು ತಿಳಿದವರು ಈ ಮನುಷ್ಯನನ್ನು ಎಲ್ಲಿ ಕೂರಿಸುತ್ತಾರೋ ನಾನು ಕಾಣೆ.

ಇನ್ನು ನಮ್ಮವರ ವಿಷಯ. 1923ರ ಫೆಬ್ರವರಿಯಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಭಗತ್ ಸಿಂಗ್ ಥಿಂಡ್ ಎಂಬ ಪಂಜಾಬಿನವರ ಮೊಕದ್ದಮೆಯಲ್ಲಿ ತೀರ್ಪು ಕೊಟ್ಟಿತು. ಮೊದಲನೆಯ ಮಹಾಯುದ್ಧದ ಕಾಲದಲ್ಲಿ ಅಮೆರಿಕದ ಸೇನೆಯಲ್ಲಿದ್ದು, ಆರೆಗಾನಿನಲ್ಲಿ ಪೌರತ್ವವನ್ನೂ ಪಡೆದಿದ್ದ ಮನುಷ್ಯ. ಆಗಿನ ಕಾನೂನಿನಂತೆ ವಲಸೆ ಬಂದವರಲ್ಲಿ ಬಿಳಿಯರಿಗೂ ಆಫ್ರಿಕಾ ಮೂಲದವರಿಗೂ ಮಾತ್ರ ಪೌರತ್ವ ಸಿಗುತ್ತಿತ್ತು. ಈ ಕಾನೂನೇ ಅನ್ಯಾಯದ್ದು ಎಂದು ಥಿಂಡ್ ವಾದಿಸಲಿಲ್ಲ. ತಾನು ಆರ್ಯ ಮೂಲದವನು, ಮೇಲ್ಜಾತಿಯವನು, ಜಾತಿಯ ಕಟ್ಟುಪಾಡಿನಿಂದ ತನ್ನ ರಕ್ತ ಬೆರಕೆಯಾಗದೆ ಉಳಿದಿದೆ, ಆದ್ದರಿಂದ ತಾನೂ ಬಿಳಿಯನೇ ಎಂಬುದು ಅವರ ಪರವಾದ ವಾದವಾಗಿತ್ತು. ಮೂರು ತಿಂಗಳ ಹಿಂದಷ್ಟೇ ತಕಾವೊ ಒಜಾವಾ ಎಂಬ ಜಪಾನಿನವರಿಗೆ, ಬಿಳಿಯರೆಂದರೆ ಕಕೇಷಿಯನ್ ಜನಾಂಗದವರು, ನೀನು ಆ ಜನಾಂಗದವನಲ್ಲ ಎಂದಿದ್ದ ಅದೇ ಕೋರ್ಟು, ಥಿಂಡ್ ಅವರಿಗೆ ಜನಾಂಗಗಳನ್ನು ವಿಂಗಡಿಸುವ ಶಾಸ್ತ್ರ ನಿನ್ನನ್ನು ಕಕೇಷಿಯನ್ ಎಂದರೂ, ಸಾಮಾನ್ಯ ಮನುಷ್ಯನ ತಿಳಿವಳಿಕೆಯಲ್ಲಿ ನೀನು ಬಿಳಿಯನಲ್ಲ ಎಂದಿತು. ಆ ತೀರ್ಪಿನ ಬೆನ್ನಿಗೆ, ಆಗಲೇ ಪೌರರಾಗಿದ್ದ ಭಾರತೀಯರ ಪೌರತ್ವವನ್ನೂ ಸರ್ಕಾರ ಕಿತ್ತುಕೊಳ್ಳತೊಡಗಿತು. ಹೀಗೆ ಪೌರತ್ವ ಕಳೆದುಕೊಂಡವರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಅಂಗಡಿ ನಡೆಸುತ್ತಿದ್ದ ವೈಷ್ಣೋ ದಾಸ್ ಬಗಾಯಿ ಒಬ್ಬರು. ಭಾರತಕ್ಕೆ ಹೋಗಿಬರಲು ಅಮೆರಿಕದ ಪಾಸ್‌ಪೋರ್ಟ್ ಕೂಡ ಸಿಗದೆ, 1928ರಲ್ಲಿ ಅವರು ಪತ್ರಿಕೆಯೊಂದಕ್ಕೆ ಪತ್ರ ಬರೆದಿಟ್ಟು ಪ್ರಾಣ ಬಿಟ್ಟರು.

ನಮ್ಮ ಪಾಠ ಬೇಕೆಂದು ಕೇಳಿದೆಯಲ್ಲ, ಇದು ನಮ್ಮ ಪಾಠ. ಇದನ್ನು ಓದಿ ಥಿಂಡ್ ಅವರ ಬಗ್ಗೆ ಮರುಕವೂ ಹುಟ್ಟಬೇಕು, ಅವರ ವಾದದ ಬಗ್ಗೆ ನಾಚಿಕೆಯೂ ಆಗಬೇಕು. ಎರಡರಲ್ಲಿ ಒಂದನ್ನು ಬಿಟ್ಟರೂ ಓದು ಅರ್ಧವೇ. ಬೇಲಿಯೇ ತಪ್ಪು ಎನ್ನುವುದರ ಬದಲು, ನನ್ನನ್ನು ಬೇಲಿಯ ಒಳಗಿನವನೆಂದು ಎಣಿಸಿ ಎಂದು ಕೇಳುವ ಚಾಳಿ ನಮ್ಮ ಜನರಲ್ಲಿ ಅಂದಿಗೆ ಮುಗಿಯಲಿಲ್ಲ.

ಬೇಲಿ ಬಿದ್ದದ್ದು ಹೇಗೆಂಬುದನ್ನೂ ನೋಡು. 1946ರ ಕಾನೂನು ಭಾರತೀಯರಿಗೆ ಪೌರತ್ವದ ಹಕ್ಕು ಕೊಟ್ಟು, ವರ್ಷಕ್ಕೆ 100 ಜನರಿಗೆ ವಲಸೆಯ ಅವಕಾಶ ಮಾಡಿತು. ಬಾಗಿಲು ನಿಜವಾಗಿ ತೆರೆದದ್ದು 1965ರ ವಲಸೆ ಕಾನೂನಿನಿಂದ. 1964ರಲ್ಲಿ ನಾಗರಿಕ ಹಕ್ಕುಗಳ ಕಾನೂನು, 1965ರಲ್ಲೇ ಮತದಾನದ ಹಕ್ಕಿನ ಕಾನೂನು ಬಂದಿದ್ದವು. ಜನಾಂಗವನ್ನು ನೋಡಿ ಬಸ್ಸಿನಲ್ಲಿ ಸೀಟು ಕೊಡಬಾರದು ಎಂದಾದ ಮೇಲೆ ಜನಾಂಗವನ್ನು ನೋಡಿ ವೀಸಾ ಕೊಡುವುದನ್ನು ಸಮರ್ಥಿಸುವುದು ಈ ದೇಶಕ್ಕೆ ಕಷ್ಟವಾಯಿತು. ಕರಿಯರ ಹಕ್ಕುಗಳಿಗಾಗಿ ಅಲಬಾಮಾದಲ್ಲಿ, ಮಿಸಿಸಿಪ್ಪಿಯಲ್ಲಿ ಪೆಟ್ಟು ತಿಂದು ಜೈಲಿಗೆ ಹೋದವರಲ್ಲಿ ಶಿರಸಿಯವರಾಗಲಿ ಮೈಸೂರಿನವರಾಗಲಿ ಯಾರೂ ಇರಲಿಲ್ಲ. ಅವರು ತೆರೆದ ದಾರಿಯಲ್ಲಿ ನಾನು ಎರಡು ಸೂಟ್‌ಕೇಸು ಹಿಡಿದುಕೊಂಡು ಬಂದೆ. ಹಾಗೆ ಬಂದವರಲ್ಲಿ ಹೆಚ್ಚಿನವರನ್ನು ಪದವಿ, ವೃತ್ತಿ ನೋಡಿ ಜರಡಿ ಹಿಡಿದೇ ಕರೆಸಿಕೊಂಡದ್ದು. ನಾವು ಕಷ್ಟಪಟ್ಟು ಮೇಲೆ ಬಂದೆವು, ಕರಿಯರೇಕೆ ಬರಲಿಲ್ಲ ಎಂದು ಕನ್ನಡ ಕೂಟದ ಊಟದ ಪಂಕ್ತಿಯಲ್ಲಿ ಯಾರಾದರೂ ಹೇಳುವುದನ್ನು ಕೇಳಿದಾಗ ನನಗೆ ಈ ಜರಡಿಯ ನೆನಪಾಗುತ್ತದೆ.

ನೀನು ಹೈಸ್ಕೂಲಿನಲ್ಲಿದ್ದಾಗ ವಾರಾಂತ್ಯದ ಕನ್ನಡ ತರಗತಿಗೆ ಭಾಷೆಯ ಕ್ರೆಡಿಟ್ ಸಿಕ್ಕಿತು. ನಾವೆಲ್ಲ ಹಿಗ್ಗಿದೆವು. ಮನೆಮಾತಿನ ಕಾರಣಕ್ಕೆ ಮಗು ಶಾಲೆಯಲ್ಲಿ ಹಿಂದುಳಿಯುವಂತೆ ಬಿಡಬಾರದೆಂಬ ವಾದವನ್ನು ಸುಪ್ರೀಂ ಕೋರ್ಟಿನವರೆಗೆ ಒಯ್ದವರು ಸ್ಯಾನ್ ಫ್ರಾನ್ಸಿಸ್ಕೋದ ಚೀನೀ ಕುಟುಂಬಗಳು. ಇಂಗ್ಲಿಷ್ ತಿಳಿಯದ ಮಕ್ಕಳನ್ನು ಇಂಗ್ಲಿಷ್ ಪಾಠದ ಮುಂದೆ ಸುಮ್ಮನೆ ಕೂರಿಸಿದರೆ ಅದು ಸಮಾನ ಶಿಕ್ಷಣವಲ್ಲ ಎಂದು 1974ರ ಲಾವು ಮೊಕದ್ದಮೆಯಲ್ಲಿ ಕೋರ್ಟು ಒಮ್ಮತದಿಂದ ಹೇಳಿತು. ಆ ತೀರ್ಪಿಗೂ ನಿನ್ನ ಕ್ರೆಡಿಟ್ಟಿಗೂ ನೇರವಾದ ನಂಟಿಲ್ಲ, ನಿಜ. ಆದರೆ ಮನೆಯ ಭಾಷೆಯನ್ನು ಶಾಲೆ ಗಮನಿಸಬೇಕು ಎಂಬ ಮಾತಿಗೆ ಈ ರಾಜ್ಯದಲ್ಲಿ ಬೆಲೆ ತಂದವರು ಅವರು.

ಆರಿಜೋನಾದ ಒಂದು ಪ್ರಕರಣವನ್ನು ನೀನು ತರಗತಿಯಲ್ಲಿ ಖಂಡಿತ ಕೇಳುತ್ತೀಯೆ. ಟ್ಯೂಸಾನ್ ನಗರದ ಸರ್ಕಾರಿ ಶಾಲೆಗಳಲ್ಲಿ ಮೆಕ್ಸಿಕನ್ ಅಮೆರಿಕನ್ನರ ಚರಿತ್ರೆ ಮತ್ತು ಸಾಹಿತ್ಯದ ತರಗತಿಗಳು ನಡೆಯುತ್ತಿದ್ದವು. ಅವು ದ್ವೇಷ ಬಿತ್ತುತ್ತವೆ ಎಂದು 2010ರಲ್ಲಿ ರಾಜ್ಯ ಸರ್ಕಾರ ಕಾನೂನು ಮಾಡಿ, 2012ರ ಜನವರಿಯ ಹೊತ್ತಿಗೆ ಮುಚ್ಚಿಸಿತು; ಪುಸ್ತಕಗಳನ್ನು ತರಗತಿಗಳಿಂದ ಪೆಟ್ಟಿಗೆಗೆ ತುಂಬಿ ಒಯ್ದರು. ಆ ನಿಷೇಧದ ಹಿಂದೆ ಜನಾಂಗದ್ವೇಷವಿತ್ತು, ಅದು ಸಂವಿಧಾನಕ್ಕೆ ವಿರುದ್ಧ ಎಂದು 2017ರಲ್ಲಿ ತೀರ್ಪು ಕೊಟ್ಟ ಫೆಡರಲ್ ನ್ಯಾಯಾಧೀಶರು ವಾಲೇಸ್ ತಶೀಮಾ. ಎರಡನೆಯ ಮಹಾಯುದ್ಧದಲ್ಲಿ ಸುಮಾರು 1,20,000 ಜಪಾನೀ ಮೂಲದವರನ್ನು ಅಮೆರಿಕ ಸರ್ಕಾರ ಮುಳ್ಳುತಂತಿಯ ಶಿಬಿರಗಳಲ್ಲಿ ಕೂಡಿಹಾಕಿದಾಗ, ಅವರಲ್ಲಿ ಬಾಲಕ ತಶೀಮಾ ಕೂಡ ಇದ್ದರು. ಅವರಿದ್ದ ಪೋಸ್ಟನ್ ಶಿಬಿರ ಇದ್ದದ್ದು ಇದೇ ಆರಿಜೋನಾದಲ್ಲಿ. ಆ ಶಿಬಿರವನ್ನು ಕಟ್ಟಿದ್ದಾದರೂ ಕೊಲೊರಾಡೋ ನದಿಯ ಮೂಲನಿವಾಸಿಗಳಿಗೆಂದು ಮೀಸಲಿಟ್ಟ ನೆಲದಲ್ಲಿ, ಅವರ ಸಭೆ ಬೇಡವೆಂದರೂ ಕೇಳದೆ. ಮೂಲನಿವಾಸಿಗಳ ನೆಲ, ಅದರ ಮೇಲೆ ಜಪಾನೀಯರ ಸೆರೆ, ಆ ಸೆರೆಯಲ್ಲಿ ಬೆಳೆದ ಹುಡುಗ ಎಪ್ಪತ್ತು ವರ್ಷಗಳ ಮೇಲೆ ಮೆಕ್ಸಿಕನ್ ಮಕ್ಕಳ ಪಾಠದ ಹಕ್ಕನ್ನು ಎತ್ತಿಹಿಡಿದದ್ದು: ಇವುಗಳಲ್ಲಿ ಯಾವುದು ಯಾರ ಚರಿತ್ರೆ ಎಂದು ನೀನು ಬೇರ್ಪಡಿಸುತ್ತೀಯೆ? ನನ್ನ ಮಟ್ಟಿಗೆ ನಿನ್ನ ಪ್ರಶ್ನೆಗೆ ಇದಕ್ಕಿಂತ ಒಳ್ಳೆಯ ಉತ್ತರವಿಲ್ಲ.

ತನ್ನವರ ಪಾಠವನ್ನಷ್ಟೇ ಹುಡುಕುವವರು ಸಾಮಾನ್ಯವಾಗಿ ತನ್ನವರ ಚೆಂದದ ಪಾಠವನ್ನಷ್ಟೇ ಬಯಸುತ್ತಾರೆ. 2005-06ರಲ್ಲಿ ಕ್ಯಾಲಿಫೋರ್ನಿಯದ ಆರನೆಯ ತರಗತಿಯ ಪಠ್ಯಗಳಲ್ಲಿ ಪ್ರಾಚೀನ ಭಾರತದ ಬಗ್ಗೆ ಇದ್ದ ಭಾಗಗಳನ್ನು ತಿದ್ದಬೇಕೆಂದು ಕೆಲವು ಹಿಂದೂ ಸಂಘಟನೆಗಳು ಕೇಳಿದವು. ಆ ದೂರುಗಳಲ್ಲಿ ಕೆಲವು ನ್ಯಾಯವಾದವೇ. ನಮ್ಮ ದೇವರುಗಳನ್ನೂ ಆಚಾರಗಳನ್ನೂ ವಿಚಿತ್ರ ವಸ್ತುಗಳಂತೆ ಬರೆಯುವ ಉಡಾಫೆ ಪಠ್ಯಗಳಲ್ಲಿತ್ತು. ಆದರೆ ಅವುಗಳೊಂದಿಗೇ ಜಾತಿಯ ವಿಷಯವನ್ನೂ ಹೆಂಗಸರ ಸ್ಥಾನಮಾನದ ವಿಷಯವನ್ನೂ ಮೆತ್ತಗೆ ಮಾಡಬೇಕೆಂಬ ಬೇಡಿಕೆಗಳು ಬಂದವು. ಇತಿಹಾಸಕಾರರು, ದಲಿತ ಸಂಘಟನೆಗಳು ವಿರೋಧಿಸಿದರು. ಹತ್ತು ವರ್ಷಗಳ ನಂತರ ಅದೇ ಜಗಳ ಮತ್ತೆ ನಡೆಯಿತು. 2022ರ ಜನವರಿಯಲ್ಲಿ ನಿನ್ನ ವಿಶ್ವವಿದ್ಯಾಲಯವೇ ತಾರತಮ್ಯ ತಡೆಯುವ ತನ್ನ ನಿಯಮಗಳಲ್ಲಿ ಜಾತಿಯ ಹೆಸರನ್ನು ಸೇರಿಸಿದಾಗ ನಮ್ಮ ಪರಿಚಯದ ಹಲವರು ಸಿಟ್ಟಾದರು. ಇಡೀ ರಾಜ್ಯಕ್ಕೆ ಅಂಥದೇ ಕಾನೂನು 2023ರಲ್ಲಿ ಶಾಸನಸಭೆಯಲ್ಲಿ ಅಂಗೀಕಾರವಾಗಿ ರಾಜ್ಯಪಾಲರ ನಿರಾಕರಣೆಯಿಂದ ಬಿದ್ದುಹೋಯಿತು. ಆ ಕಾನೂನಿನ ಬಗ್ಗೆ ಸಜ್ಜನರಲ್ಲೇ ಭಿನ್ನಾಭಿಪ್ರಾಯವಿರಬಹುದು. ಪಾಠದಲ್ಲಿ ಜಾತಿಯ ಮಾತೇ ಬೇಡವೆನ್ನುವುದನ್ನು ಮಾತ್ರ ನಾನು ಒಪ್ಪಲಾರೆ.

ನಾನು ಓದಿದ ಯಲ್ಲಾಪುರದ ಕಡೆಯ ಶಾಲೆಯಲ್ಲಿ ಸಿದ್ದಿಗಳ ಮಕ್ಕಳಿದ್ದರು. ಪೋರ್ಚುಗೀಸರ ಕಾಲದಲ್ಲಿ ಗುಲಾಮರಾಗಿ ಗೋವೆಗೆ ಬಂದ ಆಫ್ರಿಕದವರ ವಂಶಸ್ಥರು, ಘಟ್ಟದ ಕಾಡು ಸೇರಿ ನೆಲೆನಿಂತವರು. ಅವರಲ್ಲಿ ಹಿಂದೂಗಳೂ ಮುಸ್ಲಿಮರೂ ಕ್ರೈಸ್ತರೂ ಇದ್ದಾರೆ. ಅಜ್ಜನ ಅಡಿಕೆ ತೋಟದ ಕೆಲಸಕ್ಕೆ ಬರುತ್ತಿದ್ದವರಲ್ಲಿಯೂ ಸಿದ್ದಿಗಳಿದ್ದರು. ನಮ್ಮ ಸಮಾಜ ಪಾಠದಲ್ಲಿ ವಾಸ್ಕೋ ಡ ಗಾಮನ ಹಡಗಿತ್ತು, ಪೋರ್ಚುಗೀಸರ ಕೋಟೆಗಳಿದ್ದವು, ಆದರೆ ಪಕ್ಕದ ಬೆಂಚಿನಲ್ಲಿ ಕುಳಿತವನು ಇಲ್ಲಿಗೆ ಹೇಗೆ ಬಂದ ಎಂಬುದು ಒಂದು ಸಾಲಿನಷ್ಟೂ ಇರಲಿಲ್ಲ. ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. ಅಟ್ಲಾಂಟಿಕ್ ಸಾಗರದ ಗುಲಾಮ ವ್ಯಾಪಾರದ ಬಗ್ಗೆ ನಿನ್ನ ತರಗತಿಯಲ್ಲಿ ಪಾಠವಾಗುವಾಗ, ಅರಬ್ಬೀ ಸಮುದ್ರದ ಈ ದಾರಿಯ ಬಗ್ಗೆಯೂ ಕೇಳು. ಸೆಮಿಸ್ಟರಿನ ಕೊನೆಯ ಪ್ರಬಂಧಕ್ಕೆ ಇದನ್ನೇ ಆರಿಸಿಕೊಳ್ಳುವೆಯಾದರೆ ಊರಿನಲ್ಲಿ ಯಾರನ್ನು ಮಾತಾಡಿಸಬೇಕೆಂದು ನಾನು ಹೇಳಬಲ್ಲೆ.

ಎಥ್ನಿಕ್ ಸ್ಟಡೀಸನ್ನು ಕಣ್ಣುಮುಚ್ಚಿ ಒಪ್ಪು ಎನ್ನುತ್ತಿಲ್ಲ. ಜಗತ್ತನ್ನೆಲ್ಲ ಪೀಡಕರು, ಪೀಡಿತರು ಎಂದು ಎರಡೇ ಪಾಲು ಮಾಡಿ ಘೋಷಣೆಗಳನ್ನು ಬಾಯಿಪಾಠ ಮಾಡಿಸುವ ಮೇಷ್ಟರೂ ಇರುತ್ತಾರೆ. ರಾಜ್ಯದ ಹೈಸ್ಕೂಲುಗಳಿಗೆಂದು 2019ರಲ್ಲಿ ಸಿದ್ಧವಾದ ಮಾದರಿ ಪಠ್ಯಕ್ರಮದ ಮೊದಲ ಕರಡು ಎಷ್ಟು ಒರಟಾಗಿತ್ತೆಂದರೆ ಯಹೂದಿಗಳು, ಸಿಖ್ಖರು, ಅರ್ಮೇನಿಯನ್ನರು ಎಲ್ಲರೂ ಆಕ್ಷೇಪಿಸಿದರು. ತಿದ್ದಿ ತಿದ್ದಿ 2021ರ ಮಾರ್ಚಿನಲ್ಲಿ ಅದನ್ನು ಅಂಗೀಕರಿಸಿದರು. ಹಾಗಾಗಿ ಎದುರುಗಡೆ ಮೇಷ್ಟರೂ ಪಕ್ಕದಲ್ಲಿ ಬೇರೆ ಬೇರೆ ಮನೆಗಳ ಮಕ್ಕಳೂ ಇರುವ ತರಗತಿಯಲ್ಲಿ ಕುಳಿತು ಓದು. ಅವಸರದ ಆನ್‌ಲೈನ್ ಕೋರ್ಸಿನಲ್ಲಿ ಯಾರೊಂದಿಗೆ ವಾದ ಮಾಡುತ್ತೀಯೆ?

ಇದರಲ್ಲಿ ನನ್ನ ಸ್ವಾರ್ಥವೂ ಇದೆ. 2030ರಲ್ಲಿ ಹೈಸ್ಕೂಲು ಮುಗಿಸುವ ಮಕ್ಕಳಿಂದ ಮೊದಲುಗೊಂಡು ಒಂದು ಸೆಮಿಸ್ಟರ್ ಎಥ್ನಿಕ್ ಸ್ಟಡೀಸ್ ಕಡ್ಡಾಯ ಎಂದು ರಾಜ್ಯ 2021ರಲ್ಲಿ ಕಾನೂನು ಮಾಡಿತಷ್ಟೆ. ಆದರೆ ಸರ್ಕಾರ ಹಣ ಕೊಟ್ಟರೆ ಮಾತ್ರ ಅದು ಜಾರಿಗೆ ಬರುತ್ತದೆ ಎಂಬ ಷರತ್ತೂ ಅದರಲ್ಲಿತ್ತು; 2025ರ ಬಜೆಟ್ಟಿನಲ್ಲಿ ಹಣ ಇಡಲಿಲ್ಲ. ಈಗ ಒಂದೊಂದು ಶಾಲಾ ಮಂಡಳಿಯೂ ತನಗೆ ತೋಚಿದಂತೆ ತೀರ್ಮಾನಿಸುತ್ತಿದೆ. ಸ್ಯಾನ್ ಫ್ರಾನ್ಸಿಸ್ಕೋದ ಒಂಬತ್ತನೆಯ ತರಗತಿಯಲ್ಲಿ ಕಡಿಮೆ ಅಂಕದ ಮಕ್ಕಳಿಗೆ ಈ ಪಾಠ ಮಾಡಿದಾಗ ಅವರ ಹಾಜರಿ 21 ಶೇಕಡಾ ಅಂಶಗಳಷ್ಟು ಏರಿತೆಂದು ಸ್ಟ್ಯಾನ್‌ಫರ್ಡ್‌ನ ಅಧ್ಯಯನವೊಂದು ಹೇಳಿತ್ತು. ಕೆಲವೇ ಶಾಲೆಗಳ ಫಲಿತಾಂಶದಿಂದ ಇಡೀ ರಾಜ್ಯದ ಮಾತು ಹೇಳಲಾಗದೆಂದು ಇನ್ನು ಕೆಲವು ಪಂಡಿತರು ತಕರಾರು ತೆಗೆದಿದ್ದಾರೆ. ನಿನ್ನ ತಮ್ಮನ ಶಾಲೆಯಲ್ಲಿ ಈ ತರಗತಿಯನ್ನು ಉಳಿಸಬೇಕೋ ಬಿಡಬೇಕೋ ಎಂದು ಪೋಷಕರ ಅಭಿಪ್ರಾಯ ಕೇಳುವ ಸಭೆ ವಸಂತಕಾಲದಲ್ಲಿದೆ. ನಾನು ಎದ್ದು ಮಾತಾಡಬೇಕೆಂದಿದ್ದೇನೆ. ಅಷ್ಟರಲ್ಲಿ ನೀನು ಅರ್ಧ ಸೆಮಿಸ್ಟರ್ ಓದಿರುತ್ತೀಯೆ. ನಾನು ಏನು ಹೇಳಬೇಕು, ಏನನ್ನು ಹೇಳಬಾರದು ಎಂಬುದನ್ನು ನೀನೇ ಬರೆದು ಕಳಿಸು, ಕನ್ನಡದಲ್ಲಾದರೂ ಸರಿ, ಇಂಗ್ಲಿಷಿನಲ್ಲಾದರೂ ಸರಿ.

ಇತಿ,
ನಿನ್ನ ಅಪ್ಪ