ದಾರಿ ಮೊಟಕಾಗಲಿ, ಇಸವಿ ಕಾಣಲಿ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ತಂತ್ರಜ್ಞಾನ ಅಂಕಣದಲ್ಲಿ ಟರ್ಮಿನಲ್ ಪ್ರಾಂಪ್ಟ್, ಅಂದರೆ ಕಮಾಂಡ್ ಬರೆಯುವ ಕಿಟಕಿಯಲ್ಲಿ ನಾವು ಯಾವ ಫೋಲ್ಡರ್‌ನಲ್ಲಿದ್ದೇವೆ ಅಂತ ತೋರಿಸುವ ಸಾಲು, ಅದನ್ನು ಚಿಕ್ಕದು ಮಾಡುವ ಉಪಾಯ ಓದಿದೆ. ಬ್ಯಾಷ್ ಅನ್ನೋ ಶೆಲ್‌ನಲ್ಲಿ (ನಾವು ಬರೆದ ಕಮಾಂಡ್ ಓದಿ ನಡೆಸುವ ಪ್ರೋಗ್ರಾಂ), ಪ್ರಾಂಪ್ಟ್ ಹೇಗೆ ಕಾಣಬೇಕು ಅಂತ ಹೇಳುವ ಪಿಎಸ್1 (PS1) ಸಾಲಿನಲ್ಲಿ ಸಣ್ಣ ಡಬ್ಲ್ಯು (\w) ತೆಗೆದು ದೊಡ್ಡ ಡಬ್ಲ್ಯು (\W) ಹಾಕಿ, ಫೋಲ್ಡರ್‌ಗಳ ಇಡೀ ದಾರಿ ಹೋಗಿ ಕೊನೆಯ ಫೋಲ್ಡರ್ ಹೆಸರು ಮಾತ್ರ ಉಳಿಯುತ್ತದೆ ಅಂತ ಬರೆದಿದ್ದರು. ಉಪಾಯವೇನೋ ಕೆಲಸ ಮಾಡುತ್ತದೆ. ನಾನು ಎರಡು ವರ್ಷ ಹಾಗೇ ಇಟ್ಟುಕೊಂಡಿದ್ದೆ. ಕೆಟ್ಟಿದ್ದೂ ಅದರಿಂದಲೇ.

ಹಳೆಯ ಮಾಸಪತ್ರಿಕೆಗಳನ್ನು ಸ್ಕ್ಯಾನ್ ಮಾಡಿ ಜೋಡಿಸಿಡುವುದು ನನ್ನ ಕೆಲಸ. ಹೋಮ್ ಫೋಲ್ಡರ್ ಒಳಗೆ ಸಂಗ್ರಹ, ಅದರೊಳಗೆ ಮಾಸಿಕ, ಆಮೇಲೆ ಇಸವಿ, ತಿಂಗಳು, ಕೊನೆಗೆ ‘ಸ್ಕ್ಯಾನ್’ ಅನ್ನೋ ಫೋಲ್ಡರ್. ಪ್ರತಿ ತಿಂಗಳಿಗೂ ಒಂದು ‘ಸ್ಕ್ಯಾನ್’. ಒಂದು ಸಂಜೆ ಎರಡು ಕಿಟಕಿ ತೆರೆದುಕೊಂಡು ಕೂತಿದ್ದೆ. ಒಂದರಲ್ಲಿ 1946ರ ಮಾರ್ಚ್, ಇನ್ನೊಂದರಲ್ಲಿ 1964ರ ಮಾರ್ಚ್. ಎರಡೂ ಕಡೆ ಪ್ರಾಂಪ್ಟ್ ಒಂದೇ: ಸ್ಕ್ಯಾನ್. 1964ರದ್ದು ಮಸುಕಾಗಿ ಬಂದಿತ್ತು. ಅಳಿಸಿ ಹೊಸದಾಗಿ ಮಾಡೋಣ ಅಂತ ಅಳಿಸುವ ಕಮಾಂಡ್ ಆರ್‌ಎಂ (rm), ‘ಇಲ್ಲಿರುವ ಎಲ್ಲ ಫೈಲು’ ಅನ್ನೋ ಅರ್ಥದ ಒಂದು ಸ್ಟಾರ್, ಎಂಟರ್ ಹೊಡೆದೆ. ಅಳಿಸಿಹೋಗಿದ್ದು 1946. ಆರ್‌ಎಂ ಏನನ್ನೂ ಕಸದ ಬುಟ್ಟಿಗೆ ಹಾಕಿ ಕಾಯುವುದಿಲ್ಲ, ಅಲ್ವಾ? ಹೋಯಿತು ಅಂದರೆ ಹೋಯಿತು. ಪುಡಿಯಾಗುತ್ತಿದ್ದ ಆ ಸಂಚಿಕೆಯ 72 ಪುಟಗಳನ್ನು ಮತ್ತೆ ಒಂದೊಂದಾಗಿ ಗಾಜಿನ ಮೇಲೆ ಮಲಗಿಸಬೇಕಾಯಿತು. ಎರಡು ಹಾಳೆಗಳ ಅಂಚು ನನ್ನ ಕೈಯಲ್ಲೇ ಮುರಿಯಿತು. ಅದು ಈಗಲೂ ಚುಚ್ಚುತ್ತದೆ.

ಹಾಗಂತ ಉದ್ದ ದಾರಿಯೇ ಚೆನ್ನ ಅನ್ನುತ್ತಿಲ್ಲ. ಟರ್ಮಿನಲ್ ಕಿಟಕಿ ಈಗಲೂ ಸಾಮಾನ್ಯವಾಗಿ 80 ಅಕ್ಷರದ ಅಗಲಕ್ಕೇ ತೆರೆದುಕೊಳ್ಳುತ್ತದೆ. 1978ರ ವಿಟಿ100 ಟರ್ಮಿನಲ್‌ನಲ್ಲೂ ಅಷ್ಟೇ, ಅದಕ್ಕೂ ಹಿಂದಿನ ಐಬಿಎಂ ಪಂಚ್ ಕಾರ್ಡಿನಲ್ಲೂ ಅಷ್ಟೇ. ಅದರಲ್ಲಿ ಮುಕ್ಕಾಲು ಪಾಲನ್ನು ದಾರಿಯೇ ತಿಂದರೆ ಕಮಾಂಡ್ ಬರೆಯೋದೆಲ್ಲಿ?

2009ರಲ್ಲಿ ಬಂದ ಬ್ಯಾಷ್ 4ರಿಂದ ‘PROMPT_DIRTRIM’ ಅನ್ನೋ ಸೆಟ್ಟಿಂಗ್ ಇದೆ. ದಾರಿಯ ಕೊನೆಯ ಎಷ್ಟು ಹೆಸರು ತೋರಿಸಬೇಕು ಅಂತ ಅದು ಹೇಳುತ್ತದೆ. ಬ್ಯಾಷ್ ಶುರುವಾಗುವಾಗ ಓದುವ ಬ್ಯಾಷ್‌ಆರ್‌ಸಿ (.bashrc) ಫೈಲಿನಲ್ಲಿ ಅದಕ್ಕೆ 3 ಅಂತ ಕೊಟ್ಟು, ಸಣ್ಣ ಡಬ್ಲ್ಯು ಹಾಗೇ ಬಿಟ್ಟಿದ್ದೇನೆ. ಈಗ ‘~/.../1946/ಮಾರ್ಚ್/ಸ್ಕ್ಯಾನ್’ ಅಂತ ಕಾಣುತ್ತದೆ (‘~’ ಅಂದರೆ ಹೋಮ್). 2 ಕೊಟ್ಟಿದ್ದರೆ ‘ಮಾರ್ಚ್/ಸ್ಕ್ಯಾನ್’ ಅಷ್ಟೇ ಉಳಿದು, ಮತ್ತೆ ಅದೇ ಹಳ್ಳಕ್ಕೆ ಬೀಳುತ್ತಿದ್ದೆ. ನಮ್ಮ ನಮ್ಮ ಫೋಲ್ಡರ್‌ಗಳಲ್ಲಿ ಹೆಸರು ಎಲ್ಲಿ ಬೇರೆಯಾಗುತ್ತದೋ ಅಲ್ಲಿಯವರೆಗಾದರೂ ಪ್ರಾಂಪ್ಟ್ ತೋರಿಸಬೇಕು. ಅಂಕಣದಲ್ಲಿ ಈ ಮಾತು ಇರಲಿಲ್ಲ, ಅದಕ್ಕೇ ಈ ಕಾಗದ.

ಮ್ಯಾಕ್ ಜೊತೆ ಬರುವ ಬ್ಯಾಷ್ ಹಳೆಯ 3.2, ಅದರಲ್ಲಿ ಈ ಸೆಟ್ಟಿಂಗ್ ಇಲ್ಲ. ಆದರೆ 2019ರಿಂದ ಅಲ್ಲಿ ಮಾಮೂಲಿಯಾಗಿರುವುದು ಝಡ್ ಶೆಲ್ (zsh). ಅದರ ಪ್ರಾಂಪ್ಟಿನಲ್ಲಿ ‘%3~’ ಬರೆದರೆ ಕೊನೆಯ ಮೂರು ಹೆಸರು ಉಳಿಯುತ್ತವೆ. ಫಿಶ್ ಶೆಲ್ ಕೂಡ ನೋಡಿದೆ. ಅದು ಕೊನೆಯ ಫೋಲ್ಡರ್ ಬಿಟ್ಟು ಮೇಲಿನದಕ್ಕೆಲ್ಲ ಒಂದೊಂದೇ ಅಕ್ಷರ ಉಳಿಸುತ್ತದೆ. ನೋಡೋಕೆ ಅಂದ. ಆದರೆ ನನ್ನ 1946, 1964 ಎರಡೂ ಅದರಲ್ಲಿ ಬರೀ ‘1’! ಸುಮ್ನೆ ನಕ್ಕು ಮುಚ್ಚಿಬಿಟ್ಟೆ.

ಗೆಳೆಯರೊಬ್ಬರು ಇನ್ನೂ ಸುಲಭದ್ದು ಹೇಳಿಕೊಟ್ಟರು. ದಾರಿ ಕತ್ತರಿಸಲೇ ಬೇಡಿ, ಪಿಎಸ್1ರಲ್ಲಿ ಡಾಲರ್ ಚಿಹ್ನೆಗೆ ಮುಂಚೆ ಬ್ಯಾಕ್‌ಸ್ಲ್ಯಾಶ್ ಎನ್ (\n) ಸೇರಿಸಿ ಅಂತ. ಪೂರ್ತಿ ದಾರಿ ಒಂದು ಸಾಲು, ಕಮಾಂಡ್ ಅದರ ಕೆಳಗಿನ ಸಾಲು. ದೊಡ್ಡ ಪರದೆಯಲ್ಲಿ ಈಗ ಅದನ್ನೇ ಬಳಸುತ್ತೇನೆ. ಲ್ಯಾಪ್‌ಟಾಪಿನಲ್ಲಿ ಜಾಗ ಕಡಿಮೆ, ಅಲ್ಲಿ 3 ಸಾಕು. ಅಳಿಸುವ ಮುಂಚೆ ಮಾತ್ರ ಎಲ್ಲೇ ಆಗಲಿ ಈಗಿರುವ ಫೋಲ್ಡರ್‌ನ ಪೂರ್ತಿ ದಾರಿ ತೋರಿಸುವ ಪಿಡಬ್ಲ್ಯುಡಿ (pwd) ಕಮಾಂಡ್ ಹೊಡೆದು, ಇಸವಿಯನ್ನು ಬಾಯಿಬಿಟ್ಟು ಓದುತ್ತೇನೆ. ಪಕ್ಕದ ಮೇಜಿನವರು ಮೊದಮೊದಲು ತಿರುಗಿ ನೋಡುತ್ತಿದ್ದರು, ಈಗ ಅವರಿಗೂ ಅಭ್ಯಾಸವಾಗಿದೆ.

ಇಂತಿ,
ನಿಮ್ಮ ಪತ್ರಿಕೆಯ ಹಳೆಯ ಓದುಗ