ಖಾಲಿ ಬಿಡಬೇಕಾದ ಜಾಗ

ಪ್ರೀತಿಯ ಗೆಳೆಯ,

ಫೋನಿನಲ್ಲಿ ಹೇಳಿ ಮುಗಿಸುವ ಮಾತಲ್ಲವೆಂದು ಬರೆಯುತ್ತಿದ್ದೇನೆ. ನಾಲ್ಕು ಜನ ಓದುವ ಕಡೆಯೇ ಬರೆಯುತ್ತಿದ್ದೇನೆ, ಗದರಬೇಡ, ಸಂಗೀತ ನಿರ್ದೇಶಕ ಎಲ್. ವೈದ್ಯನಾಥನ್ ಅವರ ವಿಷಯ ನಮ್ಮಿಬ್ಬರಲ್ಲೇ ಉಳಿಯಬಾರದು.

‘ಮಾಲ್ಗುಡಿ ಡೇಸ್’ ಧಾರಾವಾಹಿಯ ಶೀರ್ಷಿಕೆ ಸಂಗೀತವನ್ನು, ಅದರ ಚಿತ್ರೀಕರಣ ನಡೆದ ಆಗುಂಬೆ ನೋಡದವರೂ ಗುನುಗುತ್ತಾರೆ. ಮಾಡಿದವರು ಯಾರೆಂದು ಕೇಳಿದರೆ ನಿರ್ದೇಶಕ ಶಂಕರ್‌ನಾಗ್ ಹೆಸರು ಹೇಳಿ ಸುಮ್ಮನಾಗುತ್ತಾರೆ. ನನಗೆ ಹೊಟ್ಟೆ ಉರಿಯುತ್ತದೆ. ಪಿಟೀಲಿನ ಮನೆತನ ವೈದ್ಯನಾಥನ್ ಅವರದು. ತಮ್ಮಂದಿರಾದ ಎಲ್. ಸುಬ್ರಹ್ಮಣ್ಯಂ, ಎಲ್. ಶಂಕರ್ ದೇಶವಿದೇಶಗಳ ವೇದಿಕೆ ಏರಿದರು. ಅಣ್ಣನಾದ ಇವರು ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರ ಸಹಾಯಕರಾಗಿ ರೆಕಾರ್ಡಿಂಗ್ ಕೋಣೆ ಸೇರಿದರು. ‘ಅಪರಿಚಿತ’, ‘ಒಂದು ಮುತ್ತಿನ ಕಥೆ’ ಚಿತ್ರಗಳ ಸಂಗೀತ ನಮಗೆ ಸಿಕ್ಕಿದ್ದು ಹಾಗೆ. 2007ರಲ್ಲಿ ಅವರು ತೀರಿಕೊಂಡಾಗ ನಾವಿಬ್ಬರೂ ಎಷ್ಟು ಮಾತಾಡಿದ್ದೆವು, ನೆನಪಿದೆಯೇ?

ಮೊನ್ನೆ ಅವರದೇ ಸಂಗೀತದ ‘ಪುಷ್ಪಕ ವಿಮಾನ’ ಮತ್ತೆ ನೋಡಿದೆ. 1987ರ ಚಿತ್ರ, ಒಂದೇ ಒಂದು ಸಂಭಾಷಣೆ ಇಲ್ಲ. ಇಂಥ ಚಿತ್ರ ಕೈಗೆ ಸಿಕ್ಕರೆ ಮಾತಿಲ್ಲದ ಕಡೆಯೆಲ್ಲ ವಾದ್ಯ ಸುರಿಯಲು ಯಾರಿಗಾದರೂ ಕೈ ತುರಿಸುತ್ತದೆ. ನಾಯಕ ಚಿತ್ರಮಂದಿರದ ಪಕ್ಕದ ಕೋಣೆಯಲ್ಲಿ ಆ ಗದ್ದಲ ಕೇಳುತ್ತಲೇ ಮಲಗಿ ರೂಢಿಯಾದವನು. ದೊಡ್ಡ ಹೋಟೆಲಿನ ಮೆತ್ತನೆಯ ಹಾಸಿಗೆಯಲ್ಲಿ ನಿದ್ದೆ ಹತ್ತುವುದಿಲ್ಲ. ಹಳೆಯ ಜಾಗಕ್ಕೆ ಹೋಗಿ ಆ ಸದ್ದನ್ನೇ ರೆಕಾರ್ಡ್ ಮಾಡಿಕೊಂಡು ಬಂದು, ಹಚ್ಚಿಟ್ಟು, ಮಲಗುತ್ತಾನೆ. ಎಷ್ಟೋ ಸಲ ನಕ್ಕಿದ್ದ ದೃಶ್ಯ. ಈ ಸಲ ನಗು ಬರಲಿಲ್ಲ.

ಕಳೆದ ವಾರ, ನಾನು ಹಿನ್ನೆಲೆ ಸಂಗೀತ ಕೂಡಿಸುವ ನಮ್ಮ ಧಾರಾವಾಹಿಯ ಒಂದು ಕಂತು ಕೈಗೆ ಬಂತು. ಅಜ್ಜ ಒಬ್ಬರೇ ಜಗುಲಿಯಲ್ಲಿ ಕೂತಿದ್ದಾರೆ. ಕಾಫಿ ಲೋಟವನ್ನು ಬಟ್ಟಲಿನಲ್ಲಿ ಇಡುತ್ತಾರೆ, ಗೇಟಿನ ಕಡೆ ನೋಡುತ್ತಾರೆ, ಮತ್ತೆ ಲೋಟ ಎತ್ತುತ್ತಾರೆ. ಮಗ ಬರುವುದಿಲ್ಲ. ಹಿತ್ತಾಳೆ ಬಟ್ಟಲಿಗೆ ಲೋಟ ತಾಗುವ ಸದ್ದು ಎಷ್ಟು ಚೆನ್ನಾಗಿ ದಾಖಲಾಗಿತ್ತೆಂದರೆ, ನಾನು ಏನನ್ನೂ ಮುಟ್ಟದೆ ಕಳಿಸಿದೆ. ನಿರ್ದೇಶಕರು ಫೋನ್ ಮಾಡಿ, ಖಾಲಿ ಖಾಲಿ ಅನಿಸುತ್ತಿದೆ, ಏನಾದರೂ ತುಂಬಿಸಿ ಎಂದರು. ಕೊಳಲು ಹಾಕಿದೆ, ಕೆಳಗೆ ತಂತಿವಾದ್ಯ ಹಾಸಿದೆ.

ಇಷ್ಟೇ ಆಗಿದ್ದರೆ ನಿನಗೆ ದೂರು ಹೇಳಿ ಹಗುರಾಗುತ್ತಿದ್ದೆ. ಆದರೆ ಎರಡನ್ನೂ ಒಂದರ ಪಕ್ಕ ಒಂದಿಟ್ಟು ಕೇಳಿದಾಗ, ನನಗೂ ಮೊದಲನೆಯದು ಖಾಲಿ ಎನಿಸಿತು ಕಣೋ. ನಿರ್ದೇಶಕರು ಹೇಳಿದ್ದೇ ಸರಿ ಎನಿಸಿತು. ಆ ಕ್ಷಣದಿಂದ ಒಳಗೊಂದು ಭಯ ಕೂತಿದೆ. ಕಿವಿಯೇ ನನ್ನ ಅನ್ನ. ಅದಕ್ಕೆ ಮೌನ ಒಗ್ಗದೇ ಹೋದರೆ, ನಾಳೆ ಯಾರಾದರೂ ಪೂರ್ತಿ ಸ್ವಾತಂತ್ರ್ಯ ಕೊಟ್ಟು ಚಿತ್ರವೊಂದನ್ನು ಕೈಗಿಟ್ಟರೆ ಏನು ಮಾಡಲಿ? ಅದಕ್ಕಿಂತ ಕೆಟ್ಟದ್ದು, ಆ ನಾಯಕ ಹಚ್ಚಿಟ್ಟುಕೊಂಡು ಮಲಗುವಂಥ ಕ್ಯಾಸೆಟ್ಟನ್ನು ಮನೆಮನೆಗೂ ತಯಾರಿಸಿ ಕೊಡುತ್ತಿರುವವನು ನಾನೇ ಎಂಬ ಯೋಚನೆ. ಇದನ್ನು ಮನೆಯಲ್ಲಿಯೂ ಹೇಳಿಲ್ಲ.

ಇಷ್ಟೆಲ್ಲ ಬರೆಯುವ ಉದ್ದೇಶವಿರಲಿಲ್ಲ. ಬಿಡು. ಅಮ್ಮ ನಿನಗೆಂದು ಮಿಡಿ ಉಪ್ಪಿನಕಾಯಿಯ ಭರಣಿಯೊಂದನ್ನು ಬೇರೆಯೇ ಎತ್ತಿಟ್ಟಿದ್ದಾರೆ, ನನಗೆ ಮುಟ್ಟಲೂ ಬಿಡುತ್ತಿಲ್ಲ. ಬೇಗ ಬಾ. ಪಿಟೀಲು ತರುವುದನ್ನು ಮರೆಯಬೇಡ, ನಮ್ಮ ಮೇಷ್ಟ್ರ ಶ್ರುತಿಗೇ ಸೇರಿಸೋಣ.

ನಿನ್ನ ಗೆಳೆಯ